ನಮ್ಮ ಜಗಳದಿಂದ ಸಿಕ್ಕ ನೌಕರಿ

ಮೊನ್ನೆ ಮುಂಬಯಿಯಲ್ಲಿ ನನ್ನ ಮೊಮ್ಮಗಳಿಗೆ ಶಾಲು ಹೊದಿಸಿ, ನಿಜವಾದ ಮನೆಗಳನ್ನು ಟಿ.ವಿ.ಗೆ ತಂದ ಮೊದಲಿಗರಲ್ಲಿ ಇವಳೊಬ್ಬಳು ಎಂದು ಹೊಗಳಿದರಂತೆ. ಕೇಳಿದಾಗಿನಿಂದ ನನಗೆ ಊಟವೇ ಬೇಡ, ಹೊಟ್ಟೆ ಸಂತೋಷದಿಂದಲೇ ತುಂಬಿದೆ. ಮೂರನೇ ಇಯತ್ತೆಗೆ ಶಾಲೆ ಬಿಟ್ಟವಳು ನಾನು, ತಪ್ಪಿದ್ದರೆ ತಿದ್ದಿಕೊಂಡು ಓದಿರಿ. ಆದರೆ ಅವಳು ತೋರಿಸಿದ ಮೊದಲ ಮನೆ ನಮ್ಮದು. ಅದನ್ನು ಹೇಳದೆ ಬಿಡಲಾರೆ.

ನನ್ನ ಯಜಮಾನರು ಹುಬ್ಬಳ್ಳಿಯಿಂದ ವರ್ಗವಾಗಿ ಬಂದು ನಾಗಪುರದ ರೈಲ್ವೆಯಲ್ಲೇ ನಿವೃತ್ತರಾದವರು. ಮಗ ಬ್ಯಾಂಕಿನಲ್ಲಿ. ತನ್ನ ಮಗಳನ್ನೂ ಬ್ಯಾಂಕಿಗೇ ಸೇರಿಸಬೇಕೆಂದು ಅವನ ಹಟ. ಅವಳೋ ಊರಿನ ಕೇಬಲ್ ಟಿ.ವಿ.ಗೆ ಮದುವೆ, ಗಣಪತಿ ಎಂದು ಕ್ಯಾಮೆರಾ ಹೊತ್ತು ತಿರುಗುತ್ತಿದ್ದಳು. ಧಾರಾವಾಹಿಗಳಲ್ಲಿ ಸೊಸೆಯಂದಿರು ಮೈತುಂಬ ಬಂಗಾರ ಹಾಕಿಕೊಂಡೇ ಮಲಗುತ್ತಿದ್ದ ಕಾಲ. ಮುಂಬಯಿಯ ಒಂದು ಚಾನೆಲ್ಲಿನವರು, ಒಂದು ಮನೆಯನ್ನು ಇದ್ದ ಹಾಗೆ ತೋರಿಸು, ಮೆಚ್ಚಿದರೆ ಕೆಲಸ ಕೊಡುತ್ತೇವೆ ಎಂದಿದ್ದರು. ಮಗ ಕಡ್ಡಿ ಮುರಿದಂತೆ ಹೇಳಿದ: "ಕ್ಯಾಸೆಟ್ ವಾಪಸ್ ಬಂತಂದ್ರ ಸೀದಾ ಬ್ಯಾಂಕ್ ಪರೀಕ್ಷಾ. ಬರೋಬರ್?"

ಒಂದು ಭಾನುವಾರ ಅವಳು ನಡುಮನೆಯಲ್ಲಿ ಕ್ಯಾಮೆರಾ ನಿಲ್ಲಿಸಿದಳು. ಇದ್ದ ಹಾಗೆಯೇ ಇರಬೇಕಲ್ಲವೇ? ನಾನು ಇಳಕಲ್ ಸೀರೆ ಉಟ್ಟು ಅಕ್ಕಿ ಆರಿಸಲು ಕುಳಿತೆ. ಬನಿಯನ್ನಿನಲ್ಲೇ ದಿನ ಕಳೆಯುವ ಯಜಮಾನರು ಕೋಟು ತೊಟ್ಟು, ನನ್ನೊಡನೆ ಹಿಂದಿಯಲ್ಲಿ "ಆಪ್, ಆಪ್" ಎಂದು ಬಹುವಚನ ಹಚ್ಚಿ ಮಾತಾಡತೊಡಗಿದರು.

ಮೊಮ್ಮಗಳು ತಲೆ ಚಚ್ಚಿಕೊಂಡಳು. "ಅಜ್ಜಿ, ದಿನಾ ಜಗಳಾ ಆಡ್ತೀರಲ್ಲ, ಆಡ್ರಿ!"

"ಇದರ ಮುಂದ? ಮಂದಿ ಏನಂದಾರು?"

"ಮಂದಿ ನೋಡ್ಲಿ ಅಂತನ ಹಿಡದೀನಿ ನಾ!"

ಸಂಜೆಯಾದರೂ ನಮಗೆ ಸಿಟ್ಟು ಬರಲಿಲ್ಲ. ಅವಳ ಕಣ್ಣಲ್ಲಿ ನೀರು. ಅದನ್ನು ನೋಡಲಾರದೆ ಯಜಮಾನರು ಎದ್ದು ನಿಂತು, "ಆಪ್ ಬೈಠಿಯೇ, ಚಾಯ್ ಮೈಂ ಬನಾತಾ ಹೂಂ" ಎಂದು ಅಡುಗೆಮನೆಗೆ ನಡೆದರು. ಮದುವೆಯಾದಾಗಿನಿಂದ ಆ ಹೊಸಿಲು ದಾಟದ ಮನುಷ್ಯ! ಅವಳೂ ಕ್ಯಾಮೆರಾ ಎತ್ತಿಕೊಂಡು ಹಿಂದೆ ಹೋದಳು. ಸ್ವಲ್ಪ ಹೊತ್ತಿಗೆ ಒಳಗಿನಿಂದ ದನಿ ಬಂತು.

"ಏ, ಸಕ್ಕರಿ ಎಲ್ಲೈತಿ? ಚಾಪುಡಿ ಎಲ್ಲೈತಿ?"

ನನಗೆ ಎಲ್ಲಿತ್ತೋ ಸಿಟ್ಟು. "ನಿಮ್ಮ ಮನ್ಯಾಗನ ಐತ್ರೀ! ನಾ ಜ್ವರದಾಗ ಬಿದ್ದಾಗ ಒಂದು ಲೋಟ ನೀರು ಕಾಸಲಿಲ್ಲ, ಇವತ್ತ ಟಿ.ವಿ.ಗೆ ಚಾ ಮಾಡಾಕ ಬಂದೀರೇನು?"

"ಮೆತ್ತಗ! ಅದು ಚಾಲೂ ಐತಿ!"

"ಇರ್ಲಿ! ನಾಗಪುರ ಎಲ್ಲಾ ನೋಡ್ಲಿ!"

"ನೀ ಏನ್ ಕಡಿಮಿ? ನಮ್ಮ ತಂಗಿ ಮದುವ್ಯಾಗ ಮಾರಿ ಊದಿಸ್ಕೊಂಡು ಕುಂತಾಕಿ!"

ಬಿಡಿಸಲು ಬಂದ ಮಗನಿಗೂ ಇಬ್ಬರೂ ಸೇರಿ ಬೈದೆವು. ಹಾಲು ಉಕ್ಕಿ ಒಲೆಯೇ ಆರಿಹೋಯಿತು. ಮೊಮ್ಮಗಳು ಮಾತ್ರ ಕ್ಯಾಮೆರಾದಿಂದ ಕಣ್ಣು ತೆಗೆಯದೆ, ಹಬ್ಬದೂಟಕ್ಕೆ ಕುಳಿತವಳ ಹಾಗೆ ನಗುತ್ತಿದ್ದಳು.

ಆಮೇಲೆ ನನಗೇ ಹೆದರಿಕೆಯಾಯಿತು. "ಪೂರಾ ಕನ್ನಡದಾಗ ಬೈದ್ವಲ್ಲವಾ, ಮುಂಬಯಿ ಮಂದಿಗೆ ಏನ್ ತಿಳೀತೈತಿ?"

"ತಳಗ ಹಿಂದಿ ಅಕ್ಷರ ಹಾಕ್ತೀನಿ ಅಜ್ಜಿ. ಖರೇ ಹೇಳಬೇಕಂದ್ರ ಅದೂ ಬೇಕಾಗಿಲ್ಲ."

ಕೆಲಸ ಸಿಕ್ಕಿತು. ನಮ್ಮ ಜಗಳ ಟಿ.ವಿ.ಯಲ್ಲಿ ಬಂದ ಮೇಲೆ ಸೀತಾಬರ್ಡಿ ಪೇಟೆಯ ಬಟ್ಟೆ ಅಂಗಡಿಯಲ್ಲಿ ಗುರುತಿಲ್ಲದ ಹೆಂಗಸರೂ ಎದ್ದು ನನಗೆ ಕುರ್ಚಿ ಕೊಟ್ಟರು. ಜತೆಗಿದ್ದ ಯಜಮಾನರಿಗೆ ಯಾರೂ ಕೊಡಲಿಲ್ಲ.

ಮುಂಬಯಿಗೆ ಹೋದ ಹೊಸದರಲ್ಲಿ ಅವಳು ಶೂಟಿಂಗಿಗೆ ಹೋದ ಮನೆಯೊಂದರಿಂದ ಫೋನು ಮಾಡಿದಳು. "ಅಜ್ಜಿ, ಈ ಮನ್ಯಾಗೂ ಎಲ್ಲಾರೂ ದೇವರಂಗ ಮಾತಾಡಾಕತ್ತಾರ. ಏನ್ ಮಾಡ್ಲಿ?"

"ಆ ಮನಿ ಯಜಮಾನನ್ನ ಚಾ ಮಾಡಾಕ ಕಳಸವಾ," ಎಂದೆ.

ಕಳಿಸಿದಳು, ಫಲ ಸಿಕ್ಕಿತು. ಈಗ ಟಿ.ವಿ. ಮಂದಿ ಅದನ್ನು ಅವಳ ಪದ್ಧತಿ ಎಂದು ಹೊಸಬರಿಗೆ ಕಲಿಸುತ್ತಾರಂತೆ. ನನ್ನ ಮಗ ಬ್ಯಾಂಕಿನಲ್ಲಿ ಪಾಸ್‌ಬುಕ್ ತಂದವರಿಗೆಲ್ಲ ಮಗಳ ಶಾಲಿನ ಫೋಟೋ ತೋರಿಸಿ, ಇವಳನ್ನು ಈ ದಾರಿಗೆ ಹಚ್ಚಿದವನೇ ತಾನು ಎನ್ನುತ್ತಾನೆ.