ಜಲಪಾತಕ್ಕೆ ಬೆನ್ನು ಕೊಟ್ಟ ಸಿದ್ದಲಿಂಗಯ್ಯ

ನಾಗಪುರದ ಮನೀಶ್ ನಗರದಲ್ಲಿ ಮೇ ತಿಂಗಳ ಬಿಸಿಲಿಗೂ ಸಿದ್ದಲಿಂಗಯ್ಯನವರ ಸಿಟ್ಟಿಗೂ ಬಹಳ ವರ್ಷಗಳಿಂದ ಪೈಪೋಟಿಯಿತ್ತು. ಬಿಸಿಲು ನಲವತ್ತೇಳು ಡಿಗ್ರಿ ಮುಟ್ಟಿ, ಸುಸ್ತಾಗಿ, ಜೂನ್ ಹೊತ್ತಿಗೆ ಕೈಚೆಲ್ಲುತ್ತಿತ್ತು. ಸಿದ್ದಲಿಂಗಯ್ಯನವರು ಮಾತ್ರ ಹನ್ನೆರಡು ತಿಂಗಳೂ ಒಂದೇ ಹದದಲ್ಲಿ ಕುದಿಯುತ್ತಿದ್ದರು. ಮೂರನೆಯ ಮಹಡಿಯಲ್ಲಿ ಅವರು ಪೇಪರಿನವನನ್ನು ಬೈಯತೊಡಗಿದರೆ ಕೆಳಗಿನ ಮನೆಯಲ್ಲಿ ಒಲೆಯ ಮೇಲೆ ಇಟ್ಟೇ ಇರದ ಕುಕ್ಕರು ಸೀಟಿ ಹೊಡೆಯುತ್ತಿತ್ತು. ಇದನ್ನು ಕೆಳಗಿನ ಮನೆಯವರೇ ಆಣೆ ಮಾಡಿ ಹೇಳುತ್ತಾರೆ.

ಮೂಲ ಗದಗಿನ ಕಡೆ. ಸಿವಿಲ್ ಲೈನ್ಸಿನ ಕೇಂದ್ರ ಸರ್ಕಾರದ ಕಚೇರಿಯೊಂದರಲ್ಲಿ ತಪಾಸಣೆಯ ಕೆಲಸ. ಅಂದರೆ ಬೇರೆಯವರು ಮಾಡಿದ್ದಕ್ಕೆಲ್ಲ ಆಕ್ಷೇಪಣೆ ಬರೆಯುವುದು. ನಿವೃತ್ತಿಯ ದಿನ ಪೆನ್ನನ್ನು ಸರ್ಕಾರಕ್ಕೆ ಒಪ್ಪಿಸಿ ಆಕ್ಷೇಪಣೆಯನ್ನು ಮಾತ್ರ ಮನೆಗೆ ತಂದರು. ಬರೀ ಸಿಡುಕನಾಗಿದ್ದರೆ ಜನ ನಕ್ಕು ಬಿಟ್ಟುಬಿಡುತ್ತಿದ್ದರು. ತೊಂದರೆ ಏನೆಂದರೆ, ಅವರ ಸಿಟ್ಟು ಸಾಮಾನ್ಯವಾಗಿ ಸರಿಯಾಗಿಯೇ ಇರುತ್ತಿತ್ತು. ಸಾಲು ಮುರಿದವನು ನಿಜವಾಗಿ ಸಾಲು ಮುರಿದಿರುತ್ತಿದ್ದ. ಚಹಾದಲ್ಲಿ ನೊಣ ನಿಜವಾಗಿ ಇರುತ್ತಿತ್ತು.

ಆ ನೊಣದ ಕಥೆಯನ್ನು ಅವರ ಹೆಂಡತಿ ತುಂಗಾ ಮರೆತಿರಲಿಲ್ಲ. ಒಮ್ಮೆ ಚಿಖಲದರಾದ ಗುಡ್ಡಗಳನ್ನು ನೋಡಲು ಹೊರಟಾಗ ಬಸ್ಸು ಪರತ್ವಾಡಾದಲ್ಲಿ ನಿಂತಿತ್ತು. ನೊಣದ ಬಗ್ಗೆ ಸಿದ್ದಲಿಂಗಯ್ಯನವರಿಗೂ ಚಹಾದವನಿಗೂ ಮಾತು ಹತ್ತಿ, ನೊಣ ತಾನೇ ಬೇಸತ್ತು ಹಾರಿಹೋಗಿ, ಬಸ್ಸೂ ಹೋಗಿ, ಗಂಡಹೆಂಡತಿ ಅಲ್ಲಿಂದಲೇ ಮರಳಿದ್ದರು. ಇನ್ನೊಮ್ಮೆ ಪಚಮಢಿಗೆ ಹೊರಟು, ರೈಲಿನ ಸೀಟಿನ ಜಗಳದಲ್ಲಿ ಇಟಾರಸಿಗೇ ಇಳಿದಿದ್ದರು. ಹೆಸರಿನಲ್ಲಿ ನದಿಯನ್ನು ಇಟ್ಟುಕೊಂಡ ತುಂಗಾ ಅರವತ್ತು ದಾಟಿದರೂ ಒಂದೇ ಒಂದು ಜಲಪಾತ ಕಂಡಿರಲಿಲ್ಲ. ಅವರು ಕಂಡ ಅತಿ ಎತ್ತರದ ನೀರು ಎಂದರೆ ಟೆರೇಸಿನ ಟಾಕಿ ತುಂಬಿ ಸುರಿಯುವುದು. ಅದೂ ಪೂರ್ತಿ ನೋಡಲು ಆಗುತ್ತಿರಲಿಲ್ಲ. ಮೋಟಾರು ಬಂದ್ ಮಾಡದವನನ್ನು ಹುಡುಕಿಕೊಂಡು ಗಂಡ ಹೊರಟುಬಿಡುತ್ತಿದ್ದರು.

ಈ ಶ್ರಾವಣದಲ್ಲಿ ಕನ್ನಡದವರ ವಾಟ್ಸ್ಯಾಪ್ ಗುಂಪಿಗೆ ಒಂದು ಜಾಹೀರಾತು ಬಂತು. ಸಾತ್ಪುಡಾ ಗುಡ್ಡಗಳಲ್ಲಿ ಒಂದು ದಿನದ ಪ್ರವಾಸ, ಸಾವಲ್‌ಖೋರಿ ಜಲಪಾತ, ಸಣ್ಣ ಗುಂಪು, ಹತ್ತೇ ಜನ, ಜೊತೆಗೆ ಕನ್ನಡ ಬಲ್ಲ ಗೈಡು. ಗೈಡಿನ ಹೆಸರು ಪ್ರೀತಮ್, ಗಾಡಿ ಓಡಿಸುವವನೂ ಅವನೇ. ಅಪ್ಪ ಅಮ್ಮ ಮೈಸೂರಿನವರು. ಹುಡುಗ ಹುಟ್ಟಿ ಬೆಳೆದದ್ದೆಲ್ಲ ನಾಗಪುರ.

ತುಂಗಾ ಅವತ್ತೇ ಗಂಡನನ್ನು ಎದುರು ಕೂರಿಸಿಕೊಂಡರು.

"ನೋಡ್ರಿ, ನನ್ನ ಮೊಣಕಾಲಿಗೆ ಇದ ಕಡೀ ಮಳಿಗಾಲ. ಬರೂ ವರ್ಷ ನಮ್ಮ ಮನಿ ಮೆಟ್ಟಲಾ ಇಳಿಯೂದೂ ಆಗಂಗಿಲ್ಲ ಅಂತ ಡಾಕ್ಟರು ಹೇಳ್ಯಾರ. ನೀವು ದಾರಿಯೊಳಗ ಬಾಯಿ ತಗದ್ರಿ ಅಂದ್ರ, ನನ್ನ ಧಬಧಬಾ ಹೋತು ಅಂತನ ತಿಳ್ಕೋರಿ."

ಧಬಧಬಾ ಎಂದರೆ ಮರಾಠಿಯಲ್ಲಿ ಜಲಪಾತ. ಕಣ್ಣಾರೆ ಕಾಣದ್ದಕ್ಕೆ ಕನ್ನಡದ ಹೆಸರು ಯಾಕೆ ಹಾಳು ಮಾಡಬೇಕೆಂದು ತುಂಗಾ ಅದೇ ಮಾತು ಬಳಸುತ್ತಿದ್ದರು.

"ಬಾಯಿ ತಗಿಯೂದಿಲ್ಲ" ಎಂದರು ಸಿದ್ದಲಿಂಗಯ್ಯ. ಹೇಳುವಾಗಲೇ ಕಿವಿ ಕೆಂಪಾಗಿತ್ತು.

ಭಾನುವಾರ ಬೆಳಿಗ್ಗೆ ಟೆಂಪೋ ಟ್ರಾವೆಲರ್ ಬಂದು ನಿಂತಾಗ ಒಳಗೆ ಹತ್ತಲ್ಲ, ಹದಿನೇಳು ಜನರಾದರು. ಸಿದ್ದಲಿಂಗಯ್ಯನವರ ಎಡಗೈಯಲ್ಲಿ ಯಾರದೋ ಕೂಲರ್ ಡಬ್ಬಿ, ಬಲ ತೊಡೆಯ ಮೇಲೆ ಯಾರದೋ ಮೊಮ್ಮಗ.

"ಸಣ್ಣ ಗುಂಪು ಅಂದಿದ್ದೆಲ್ಲೋ?"

"ಸಣ್ಣದೇ ಕಾಕಾ. ಬಾಕಿಯವ್ರದ್ದು ನೋಡಿ, ಐವತ್ತು ಜನ ತುಂಬ್ತಾರೆ. ಟೆನ್ಶನ್ ಘೇಊ ನಕಾ, ತಲೆ ಕೆಡಿಸ್ಕೋಬೇಡಿ" ಎಂದ ಪ್ರೀತಮ್.

ತುಂಗಾ ಗಂಡನ ಮೊಣಕೈ ಚಿವುಟಿದರು. ಸಿದ್ದಲಿಂಗಯ್ಯ ಮೊದಲ ಸಿಟ್ಟನ್ನು ನುಂಗಿದರು.

ಗುಡ್ಡ ಇರುವುದು ಉತ್ತರಕ್ಕೆ. ಗಾಡಿ ಹೋದದ್ದು ಪಶ್ಚಿಮದ ವಾಡಿಗೆ. ಅಲ್ಲಿಯ ಗೋದಾಮಿನಲ್ಲಿ ಪ್ರೀತಮನ ಗೆಳೆಯನಿಗೆ ಒಂದು ಪೆಟ್ಟಿಗೆ ಕೊಡಬೇಕಿತ್ತಂತೆ. ವಾಡಿಯ ಲಾರಿಗಳ ನಡುವೆ ಸಿಕ್ಕಿಬಿದ್ದ ಟೆಂಪೋ ಮುಂದಕ್ಕೂ ಹಿಂದಕ್ಕೂ ಆಗದೆ ಎಷ್ಟು ಹೊತ್ತು ನಿಂತಿತೆಂದರೆ, ಪಕ್ಕದ ಲಾರಿಯ ಕ್ಲೀನರನಿಗೆ ಅಷ್ಟರಲ್ಲಿ ಗಡ್ಡ ಬಂತು. ಸಿದ್ದಲಿಂಗಯ್ಯ ಎರಡನೆಯದನ್ನೂ ನುಂಗಿದರು.

ಆಮೇಲೆ ತರ್ರಿ ಪೋಹೆಗೆಂದು, ಅಂದರೆ ಖಾರದ ಸಾರು ಸುರಿದ ಅವಲಕ್ಕಿಗೆಂದು, ಒಂದು ಢಾಬಾ. ಅದು ಪ್ರೀತಮನ ದೋಸ್ತನದು. ಪೋಹೆ ಬರಲು ತಡವಾಯಿತು, ತರ್ರಿ ಇನ್ನೂ ತಡವಾಯಿತು. ಎರಡೂ ಬಂದಾಗ ಸಿದ್ದಲಿಂಗಯ್ಯನವರ ಒಳಗಿನ ಖಾರದ ಮುಂದೆ ತರ್ರಿ ಪಾಯಸದಂತೆ ಇಳಿಯಿತು. ಹೊರಡುವಾಗ ಢಾಬಾದವನ ಮೈದುನ ಅಭಿಜಿತ್ ಎಂಬವನೂ "ಮೀಪಣ್ ಯೇತೋ", ನಾನೂ ಬರ್ತೇನೆ, ಎಂದು ಹತ್ತಿ, ಪ್ಲಾಸ್ಟಿಕ್ ಸ್ಟೂಲು ಹಾಕಿಕೊಂಡು ನಡುವೆ ಕೂತ. ಆಮೇಲೆ ಸೆಲ್ಫಿಗೊಂದು ತಿರುವು, ರೀಲಿಗೊಂದು ತಿರುವು. ಸಾತ್ಪುಡಾದ ಹಸಿರು ಗುಡ್ಡಗಳು ಮೋಡದ ಟವೆಲ್ಲು ಸುತ್ತಿಕೊಂಡು ಎರಡೂ ಬದಿ ನಿಂತಿದ್ದವು. ಗಾಡಿಯಲ್ಲಿದ್ದವರು ಅವುಗಳಿಗೆ ಬೆನ್ನು ಮಾಡಿ ಫೋನಿಗೆ ಹಲ್ಲು ತೋರಿಸಿದರು.

"ಗುಡ್ಡ ಆ ಕಡೆ ಅದಾವ, ಮಾರಿ ಈ ಕಡೆ ಮಾಡ್ತಾರಲೇ!" ಎಂದರು ಸಿದ್ದಲಿಂಗಯ್ಯ. ಮುಂದಿನ ಸೀಟಿನ ಬೋಪಣ್ಣ, ವಾಯುಪಡೆಯಿಂದ ನಿವೃತ್ತರಾದ ಕೊಡಗಿನವರು, ತಿರುಗಿ ನೋಡಿ, "ಸರ್, ಬಿಪಿ ಮಾತ್ರೆ ತಗೊಂಡ್ರಾ?" ಎಂದು ಕೇಳಿದರು. ಸಿದ್ದಲಿಂಗಯ್ಯ ಅದನ್ನೂ ನುಂಗಿದರು. ನುಂಗಿ ನುಂಗಿ ಅವರ ಶರ್ಟಿನ ಗುಂಡಿ ಬಿಗಿಯಾಗಿತ್ತು. ಇನ್ನೊಂದು ಢಾಬಾ ಬಂದಿದ್ದರೆ ಗುಂಡಿ ಸಿಡಿದು ಛಿಂದವಾಡಾದಲ್ಲಿ ಬೀಳುತ್ತಿತ್ತು.

ಸಾವಲ್‌ಖೋರಿ ಮುಟ್ಟುವಾಗ ಸಂಜೆಯಾಗುತ್ತಿತ್ತು. ಮಳೆ ಜಡಿಯುತ್ತಿತ್ತು. ಘಾಟಿನ ತಿರುವಿಗೆ ವಾಂತಿಯಾಗದಿರಲೆಂದು ಗುಳಿಗೆ ನುಂಗಿದ್ದ ತುಂಗಾ ಹಿಂದಿನ ಸೀಟಿನಲ್ಲಿ ಗಾಢ ನಿದ್ದೆಯಲ್ಲಿದ್ದರು. ಗಾಡಿ ನಿಂತಲ್ಲಿಂದ ಒಂದು ತಿರುವು ಮೇಲೆ ಜಲಪಾತದ ಗೇಟು. ಅಡ್ಡಕ್ಕೆ ಕಂಬ ಇಳಿಸಿತ್ತು. ಕಾವಲುಗಾರ ಕಾಣಲಿಲ್ಲ.

"ಸಂಜೆ ಗೇಟ್ ಬಂದ್ ಮಾಡ್ತಾರೆ. ಬಂದ್ ಆಗಿರ್ಬೇಕು, ಕಾಕಾ" ಎಂದ ಪ್ರೀತಮ್, ತಲೆ ಕೆರೆಯುತ್ತ.

"ಆಗಿರಬೇಕು ಅಂದ್ರೇನು? ನೋಡ್ಕೊಂಡ್ ಬಾ."

"ಮಳೆ ಇದೆಯಲ್ಲ ಕಾಕಾ."

ಗೈಡು ಮಳೆಗೆ ಹೆದರುತ್ತಾನೆ! ಮಳೆಯೇ ಇಲ್ಲದಿದ್ದರೆ ಜಲಪಾತ ಎಲ್ಲಿಂದ ತರುತ್ತಾನೆ ಇವನು? ಸಿದ್ದಲಿಂಗಯ್ಯ ನಿದ್ದೆಯಲ್ಲಿದ್ದ ಹೆಂಡತಿಯ ಮುಖ ನೋಡಿದರು. ಕೂಲರ್ ಡಬ್ಬಿಯನ್ನು ಪ್ರೀತಮನ ಮಡಿಲಿಗೆ ಕುಕ್ಕಿ ಇಳಿದರು. "ನಾ ಹೋಗಿ ಕಾವಲಿನವ ಬಂದಾನೋ ಇಲ್ಲೋ ನೋಡ್ತೀನಿ. ಒದರಿದ ಕೂಡ್ಲೇ ಗಾಡಿ ತಗೊಂಡ್ ಬಾ."

ಅವರು ಇಳಿದದ್ದೇ ತಡ, ಗಾಡಿಯಲ್ಲಿ ಎಲ್ಲರಿಗೂ ಉಸಿರಾಡಲು ಜಾಗವಾಯಿತು. ಹಾಡು ಹಚ್ಚಿದರು.

ಮೇಲೆ ಗೇಟಿನ ಹತ್ತಿರ ಸಿದ್ದಲಿಂಗಯ್ಯ ನೆನೆಯುತ್ತ ನಿಂತರು. ಆಚೆ, ಎಡಕ್ಕೆ, ಜಲಪಾತದ ಗುಡುಗು ಕೇಳುತ್ತಿತ್ತು. ಸ್ವಲ್ಪ ಹೊತ್ತಿಗೆ ಚಹಾ ಕುಡಿಯಲು ಹೋಗಿದ್ದ ಕಾವಲುಗಾರ ಕೊಡೆ ಹಿಡಿದು ಬಂದ. ಇನ್ನೂ ಹೊತ್ತಿದೆ, ಒಳಗೆ ಬಿಡುತ್ತೇನೆ ಎಂದ. ಸಿದ್ದಲಿಂಗಯ್ಯನವರ ಎದೆ ಹಿಗ್ಗಿತು. ಒಂದು ಕಾಲಕ್ಕೆ ಕಚೇರಿಯ ಫ್ಯಾನುಗಳನ್ನು ಕರೆಂಟಿಲ್ಲದೆ ತಿರುಗಿಸುತ್ತಿದ್ದ ಆ ಕಂಠವನ್ನು ಕೆಳಗಿನ ತಿರುವಿನತ್ತ ಬಿಟ್ಟರು:

"ಬಂದ! ಬಂದ! ಬಂದಪೋ, ಬಂದ!"

ಕಾವಲುಗಾರ ಬಂದ ಎಂದು ಗದಗಿನ ಮನುಷ್ಯ ಕನ್ನಡದಲ್ಲಿ ಇನ್ನು ಹೇಗೆ ಹೇಳಬೇಕು? ಆದರೆ ಕೆಳಗೆ ಕಿಟಕಿಯಿಂದ ಕಿವಿ ಚಾಚಿದ್ದವನು ನಾಗಪುರದ ಪ್ರೀತಮ್. ಆ ಕಿವಿಗೆ ಬಿದ್ದದ್ದು: ಬಂದ್. ಬಂದ್. ಪೂರಾ ಬಂದ್.

"ಮೀ ಮ್ಹಟಲಂ ಹೋತಂ! ನಾನು ಹೇಳಲಿಲ್ವಾ? ಬಂದ್!" ಎಂದು ಅವನು ಸಂತೋಷದಿಂದಲೇ ಗಾಡಿ ಚಾಲೂ ಮಾಡಿದ. ಬೀಡಿ ಸೇದಲು ಇಳಿದಿದ್ದ ಅಭಿಜಿತ್ ಅದೇ ಹೊತ್ತಿಗೆ ತಲೆಯ ಮೇಲೆ ಪ್ಲಾಸ್ಟಿಕ್ ಹೊದ್ದು ಓಡಿಬಂದು ಹತ್ತಿದ. ಬಾಗಿಲು ದಡ್ಡೆಂದಿತು. ಪ್ರೀತಮ್ ತಿರುಗದೆ, "ಕಾಕಾ, ಆಲೇ ಕಾ?", ಬಂದ್ರಾ, ಎಂದ. ಅಭಿಜಿತ್, "ಆಲೋ, ಆಲೋ", ಬಂದೆ ಬಂದೆ, ಎಂದ. ಪ್ರೀತಮ್ ಕನ್ನಡಿಯಲ್ಲಿ ತಲೆ ಎಣಿಸಿದ. ಹದಿನೇಳು. ಬರೋಬರ್. ಢಾಬಾದಲ್ಲಿ ಹತ್ತಿದ ತಲೆಯನ್ನು ಅವನು ಲೆಕ್ಕಕ್ಕೇ ತೆಗೆದುಕೊಂಡಿರಲಿಲ್ಲ.

ಇದೆಲ್ಲ ಸಿದ್ದಲಿಂಗಯ್ಯನವರಿಗೆ ಆಮೇಲೆ ತಿಳಿದದ್ದು. ಆ ಗಳಿಗೆಗೆ ಅವರು ಕಂಡದ್ದು, ಗಾಡಿ ಮೇಲೆ ಬರುವ ಬದಲು ತಿರುಗಿ, ಹಿಂದಿನ ಕೆಂಪು ದೀಪ ಮಿಣುಕಿಸುತ್ತ, ತುಂಗಾಳನ್ನು ಹೊತ್ತುಕೊಂಡು ಘಾಟು ಇಳಿದುಹೋದದ್ದು.

ಅವರು ಕೂಗಿದರು. ಆ ಕೂಗಿಗೆ ಎದುರು ಗುಡ್ಡದ ಮಂಗಗಳು ತಾವು ತಿನ್ನುತ್ತಿದ್ದುದನ್ನು ವಾಪಸು ಇಟ್ಟವು. ಗಾಡಿ ನಿಲ್ಲಲಿಲ್ಲ. ಫೋನಿಗೆ ಸಿಗ್ನಲ್ಲಿಲ್ಲ.

ಅಲ್ಲಿಯವರೆಗೆ ನುಂಗಿದ್ದೆಲ್ಲ ಒಟ್ಟಿಗೆ ಮೇಲೆ ಬಂತು. ಹದಿನೇಳು ಜನ, ವಾಡಿಯ ಪೆಟ್ಟಿಗೆ, ದೋಸ್ತನ ಪೋಹೆ, ಸ್ಟೂಲಿನ ಮೈದುನ. ಅದರ ಕೆಳಗೆ ಇಟಾರಸಿ, ಪರತ್ವಾಡಾ. ನೋಡಬೇಕೆಂದವಳು ಕೆಳಗೆ ಹೋದಳು, ನೋಡದಿದ್ದರೂ ನಡೆಯುತ್ತಿದ್ದ ತಾನು ಮೇಲೆ ಉಳಿದೆ! ಹತ್ತು ಹೆಜ್ಜೆ ಆಚೆ ಕಟ್ಟೆಯಿಂದ ಜಲಪಾತ ಪೂರ್ತಿ ಕಾಣುತ್ತಿತ್ತು. ಸಿದ್ದಲಿಂಗಯ್ಯ ದಡದಡ ನಡೆದು ಹೋಗಿ ಆ ಕಟ್ಟೆಯ ಮೇಲೆ, ಅದಕ್ಕೆ ಬೆನ್ನು ಮಾಡಿ ಕೂತುಬಿಟ್ಟರು.

ಕಾವಲುಗಾರ ಕೊಡೆ ಹಿಡಿದು ಹತ್ತಿರ ಬಂದು ಜಲಪಾತದತ್ತ ಕೈ ತೋರಿಸಿದ. "ಬಾಬೂಜಿ, ಝರ್ನಾ ಉಧರ್ ಹೈ."

"ಮಾಲೂಮ್ ಹೈ."

"ತೋ ದೇಖೋ ನಾ."

"ನಹೀ ದೇಖೂಂಗಾ! ಉಸ್ನೇ ನಹೀ ದೇಖಾ, ತೋ ಮೈ ಭೀ ನಹೀ ದೇಖೂಂಗಾ!"

ಅವಳು ನೋಡಲಿಲ್ಲ, ನಾನೂ ನೋಡುವುದಿಲ್ಲ ಎಂದರೆ ಆ ಅವಳು ಯಾರೆಂದು ಕಾವಲುಗಾರ ಕೇಳಲಿಲ್ಲ. ದೂರ ದೂರದಿಂದ ಬಂದು ನೀರು ನೋಡಿ ಕುಣಿಯುವವರನ್ನು ಕಂಡಿದ್ದ. ಕಾಲು ಜಾರಿ ಬಿದ್ದವರನ್ನೂ ಕಂಡಿದ್ದ. ನೀರಿನ ಮೇಲೆ ಮುನಿಸಿಕೊಂಡು ಕೂತವರನ್ನು ಕಂಡದ್ದು ಇದೇ ಮೊದಲು. ಅವನೂ ಗೌರವಕ್ಕೆಂದು ಒಂದಿಷ್ಟು ಹೊತ್ತು ಜಲಪಾತಕ್ಕೆ ಬೆನ್ನು ಮಾಡಿ ನಿಂತ. ಹಿಂದಿನಿಂದ ನೀರಿನ ಹನಿಗಳು ಹಾರಿಬಂದು ಸಿದ್ದಲಿಂಗಯ್ಯನವರ ಕುತ್ತಿಗೆ ತಟ್ಟುತ್ತಿದ್ದವು, ಸ್ವಲ್ಪ ಇತ್ತ ನೋಡಪ್ಪಾ ಎಂಬಂತೆ. ಅವರು ತಿರುಗಲಿಲ್ಲ. ಆ ಕುತ್ತಿಗೆಯ ಕಾವಿಗೆ ಹನಿಗಳು ಚುಂಯ್ ಎಂದು ಆವಿಯಾದವು.

ಬೆಳಕು ಇಳಿಯತೊಡಗಿತು. ಕಾವಲುಗಾರ ಗಡಿಯಾರ ನೋಡಿಕೊಂಡ. ಅಷ್ಟರಲ್ಲಿ ಕೆಳಗಿನ ತಿರುವಿನಲ್ಲಿ ಹಾರನ್ ಬಡಿದುಕೊಂಡಿತು.

ಟೆಂಪೋ ಬಂದು ನಿಂತಿತು. ಮೊದಲು ಇಳಿದದ್ದು ತುಂಗಾ. ಘಾಟಿನ ಬುಡದಲ್ಲಿ ಎಚ್ಚರಾಗಿ, ಪಕ್ಕದ ಸೀಟಿನಲ್ಲಿ ಗಂಡನ ಬದಲು ಅಭಿಜಿತನನ್ನು ಕಂಡು, ಅವರು ಕೂಗಿದ ಕೂಗಿಗೆ ಗಾಡಿಯ ಹಾಡು ತಾನಾಗಿ ನಿಂತಿತ್ತಂತೆ. ಮದುವೆಯಾದಂದಿನಿಂದ ಯಾರಿಗೂ ಒಂದು ಗಟ್ಟಿ ಮಾತಾಡದ ಹೆಂಗಸು, ಗೇಟಿನಿಂದ ಕೇಳಿದ ಕೂಗಿನ ಸಂಗತಿಯನ್ನು ಪ್ರೀತಮ್ ಹೇಳಿದ ಕೂಡಲೇ ಅವನ ಕಾಲರ್ ಹಿಡಿದು, "ಬಂದ ಅಂದ್ರ ಬಂದ! ಬಂದ್ ಅಲ್ಲ! ನಿನ್ನ ಕನ್ನಡಕ್ಕ ಬೆಂಕಿ ಹಚ್ಚಲಿ, ತಿರುಗಿಸು!" ಎಂದಿದ್ದರಂತೆ. ಬೋಪಣ್ಣ ಸೀಟಿನಲ್ಲೇ ಅಟೆನ್ಶನ್ ಆಗಿದ್ದವರು ಇನ್ನೂ ಸಡಿಲವಾಗಿರಲಿಲ್ಲ.

ಪ್ರೀತಮ್ ಕೈಮುಗಿದುಕೊಂಡು ಮುಂದೆ ಬಂದ. "ಕಾಕಾ, ಮಾಫ್ ಮಾಡಿ. ನಂಗೆ ಬಂದ್ ಅಂತ..."

ಸಿದ್ದಲಿಂಗಯ್ಯ ಎದ್ದು ನಿಂತರು. ಎದೆ ತುಂಬ ಗಾಳಿ ಎಳೆದುಕೊಂಡರು. ಅಂಥ ಬೈಗುಳ ಮನುಷ್ಯನಿಗೆ ಜನ್ಮಕ್ಕೊಮ್ಮೆ ಒದಗಿಬರುತ್ತದೆ: ಮೊದಲೂ ಸರಿ, ಕೊನೆಯೂ ಸರಿ, ಒಂದಕ್ಷರ ಹೆಚ್ಚಿಲ್ಲ, ಕಡಿಮೆಯಿಲ್ಲ. ಅದನ್ನು ಮುಗಿಸಲು ಅರ್ಧ ಗಂಟೆಯಾದರೂ ಬೇಕಿತ್ತು. ಬೆಳಕು ಅಷ್ಟು ಉಳಿದಿರಲಿಲ್ಲ. ತುಂಗಾ ಒಂದು ಕೈಯಿಂದ ಕಂಬಿ ಹಿಡಿದು, ಒಂದು ಮೊಣಕಾಲನ್ನು ಮತ್ತೊಂದರ ಪಕ್ಕಕ್ಕೆ ತರುತ್ತ, ಆಗಲೇ ನೀರಿನ ಹತ್ತಿರದ ಕಟ್ಟೆಗೆ ಇಳಿಯುವ ಮೊದಲ ಮೆಟ್ಟಿಲಿಗೆ ಹೋಗಿದ್ದರು. ಅವರು ಗಂಡನತ್ತ ತಿರುಗಿಯೂ ನೋಡಲಿಲ್ಲ. ಈತ ಬಾಯಿ ತೆಗೆಯುತ್ತಾರೆಂದು ಅವರಿಗೆ ಗೊತ್ತಿತ್ತು. ಈ ಸಲ ಕಾಯುವುದಿಲ್ಲ ಎಂದಷ್ಟೇ ನಿಶ್ಚಯಿಸಿದ್ದರು.

ಸಿದ್ದಲಿಂಗಯ್ಯ ಬಾಯಿ ಮುಚ್ಚಿದರು. ಕಟಕ್ಕೆಂದು ಸದ್ದಾಯಿತು. ಪ್ರೀತಮನನ್ನು ಅಲ್ಲೇ ಬಿಟ್ಟು ಓಡಿಹೋಗಿ ಹೆಂಡತಿಯ ತೋಳು ಹಿಡಿದರು.

"ನಿಧಾನ. ಕಲ್ಲು ಜಾರ್ತಾವು."

"ನೋಡಿದ್ರೇನು ನೀವು?"

"ಇಲ್ಲ."

ಕೆಳಗಿನ ಕಟ್ಟೆಗೆ ಬಂದು ಇಬ್ಬರೂ ಒಟ್ಟಿಗೆ ತಲೆ ಎತ್ತಿದರು. ನೀರು ಮೋಡದೊಳಗಿಂದಲೇ ಹೊರಟಂತಿತ್ತು. ಕಪ್ಪು ಬಂಡೆಗೆ ಬಡಿದು, ಬೆಳ್ಳಗಾಗಿ, ಮತ್ತೆ ಬಡಿದು, ಕೆಳಗೆ ಎಲ್ಲೋ ಕಾಣದಲ್ಲಿ ಬೀಳುತ್ತಿತ್ತು. ಸಿದ್ದಲಿಂಗಯ್ಯನವರಿಗೆ ಅನಿಸಿತು: ಇದೊಂದೇ ತನಗಿಂತ ದೊಡ್ಡದಾಗಿ ಸಿಟ್ಟು ಮಾಡುವುದು.

ತುಂಗಾ ಬಾಯಿ ತೆಗೆದರು. ಕೈ ಬೀಸಿ, ಬೆರಳು ತೋರಿಸಿ, ಗಂಡನತ್ತ ತಿರುಗಿ, ನೀರಿನತ್ತ ತಿರುಗಿ, ಏನೇನೋ ಕೂಗಿದರು. ನೀರಿನ ಸದ್ದಿನಲ್ಲಿ ಒಂದು ಶಬ್ದವೂ ಕೇಳಲಿಲ್ಲ. ಅದು ಬಹಳ ಹೊತ್ತು ನಡೆಯಿತು. ನಡುವೆ ತುಟಿಗಳ ಆಕಾರದಲ್ಲಿ ಇಟಾರಸಿ ಒಮ್ಮೆ, ನೊಣ ಎರಡು ಸಲ ಕಂಡವು. ಸಿದ್ದಲಿಂಗಯ್ಯ ಪ್ರತಿಯೊಂದಕ್ಕೂ ತಲೆಯಾಡಿಸಿ, "ಬರೋಬರ್" ಎಂದರು. ಅದೂ ಕೇಳಿಸಲಿಲ್ಲ.

ಮೇಲಿನಿಂದ ಸೀಟಿ ಬಂತು. ಕಾವಲುಗಾರ ಕೊಡೆ ಆಡಿಸುತ್ತ ಅರ್ಧ ಮೆಟ್ಟಿಲು ಇಳಿದು ಬಂದು, ಗಂಟಲು ಹರಿಯುವಂತೆ ಕೂಗುತ್ತಿದ್ದ: "ಬಂದ್! ಬಾಬೂಜಿ, ಬಂದ್! ಬಂದ್!"

ಪ್ರೀತಮನ ಮುಖ ಅವನ ಹಿಂದೆ ಕಾಣಿಸಿತು. ತುಂಗಾ ಗಂಡನ ಕಡೆ ನೋಡಿದರು. ಸಿದ್ದಲಿಂಗಯ್ಯ ಕಂಬಿಗೆ ಮೊಣಕೈ ಊರಿ, ನೀರಿನ ಕಡೆಯಿಂದ ಕಣ್ಣು ಕೀಳದೆ, ಫ್ಯಾನು ತಿರುಗಿಸುವ ಅದೇ ದನಿಯಲ್ಲಿ ಉತ್ತರ ಕೊಟ್ಟರು:

"ಹೌದಪಾ, ಬಂದೇವಿ! ಈಗ ಬಂದೇವಿ!"