ಒಪ್ಪಿಕೊಂಡು ಬಾ ಎಂದವಳು ನಾನು

ದನದ ಸಂತೆಯಲ್ಲಿ ನನ್ನಣ್ಣನ ಬೆರಳಿಗೆ ಬೆಲೆಯಿತ್ತು. ಟುವಾಲಿನ ಕೆಳಗೆ ಬೆರಳು ಹಿಡಿದು ದರ ಕುದುರಿಸಿದರೆ ಕೊಡುವವನೂ ಕೊಳ್ಳುವವನೂ ನಗುತ್ತಲೇ ಏಳುತ್ತಿದ್ದರು. ಈಗ ಬಸವಕಲ್ಯಾಣದ ಸುತ್ತಲಿನ ಹೊಲಗಳೆಲ್ಲ ಪ್ಲಾಟಾಗಿವೆ. ಅವನೂ ಪ್ಲಾಟಿನ ದಲಾಲಿಗೆ ಇಳಿದ. ಪ್ಲಾಟು-ಮನೆ ಮಾರಾಟದ ಮೇಲೆ ಕಣ್ಣಿಡುವ ಸರಕಾರದ ರೇರಾದಲ್ಲಿ ಏಜೆಂಟ್ ಅಂತ ಹೆಸರು ನೋಂದಾಯಿಸು, ಇಲ್ಲದಿದ್ದರೆ ಗಿರಾಕಿ ಕರೆತರಬೇಡ ಎಂದರು ಲೇಔಟಿನವರು.

ತವರಿಗೆ ಬಂದಿದ್ದ ನಾನೂ ಅರ್ಜಿ ತುಂಬಿಸಲು ಅವನ ಜೊತೆ ಹುಮನಾಬಾದಿಗೆ ಹೋದೆ.

ಕಂಪ್ಯೂಟರ್ ಅಂಗಡಿಯವನು ಕೇಳಿದ, "ಕೇಸು-ಗೀಸು ಅದಾವೇನ್ರಿ ಕಾಕಾ?"

"ಒಂದಿತ್ತಪ್ಪ. ದಂಡ ಕಟ್ಟೇನಿ, ಮುಗದದ."

"ದಂಡ ಕಟ್ಟೀರಿ ಅಂದ್ರ ಶಿಕ್ಷಾ ಆಗ್ಯದ. ಮುಗದಿಲ್ಲ ಕಾಕಾ, ಅಲ್ಲಿಂದೇ ಸುರು!"

ಅಂಗಡಿಯವನು ನಕ್ಕ. ನನ್ನ ಮೈ ಉರಿಯಿತು.

ಆ ಕೇಸು ನನ್ನದು. ನನ್ನ ಮದುವೆಗೆ ಮುಂಚೆ, ನಮ್ಮೂರು ಘಾಟಬೋರಾಳದಲ್ಲಿ ನಮ್ಮ ಕುರಿಗಳು ಪಕ್ಕದವರ ತೊಗರಿಗೆ ನುಗ್ಗಿದವು. ಹೊಲದವನು ಕಲ್ಲು ಬೀಸಿ ಒಂದು ಮರಿ ಕೊಂದ. ನಾನು ಕೋಲಿನಿಂದ ಅವನ ತಲೆ ಒಡೆದೆ. ರಾಜೇಶ್ವರದಿಂದ ಹೆಣ್ಣು ನೋಡಲು ಬರುವವರಿದ್ದರು. ಹೆಣ್ಣುಮಗಳ ಹೆಸರು ಠಾಣೆಗೆ ಹೋಗಬಾರದೆಂದು ಹಿರಿಯರು ಕೂತು ತೀರ್ಮಾನಿಸಿದರು. ಪೆಟ್ಟು ತಿಂದವನೂ ಒಪ್ಪಿದ. ಹುಡುಗಿಯ ಕೈಯಲ್ಲಿ ಹೊಡೆಸಿಕೊಂಡೆ ಎನ್ನುವುದು ಅವನಿಗೂ ಬೇಡವಾಗಿತ್ತು. ಅಣ್ಣ ತನ್ನ ಹೆಸರು ಕೊಟ್ಟ.

ಕೇಸು ನಡೆಸಿದರೆ ಗೆಲ್ಲುತ್ತೀ ಎಂದು ವಕೀಲರು ಅವನಿಗೆ ಹೇಳಿದ್ದರು. ಸಾಕ್ಷಿಗಳು ಬಾಯಿಬಿಟ್ಟಾರೆಂದು ನನಗೆ ಹೆದರಿಕೆ. "ತಪ್ಪಾತು ಅಂತ ಒಪ್ಪಿಕೊಂಡ ಬಾ ಅಣ್ಣಾ, ದಂಡ ಕಟ್ಟಿದ್ರ ಮುಗೀತದ" ಎಂದೆ. ನಮ್ಮ ಕಡೆ ಎಲ್ಲರೂ ಹಾಗೇ ತಿಳಿದಿದ್ದಾರೆ. ನಾಲ್ಕನೇ ಇಯತ್ತೆ ಓದಿದ ನನಗೂ ಅಷ್ಟೇ ತಿಳಿದಿತ್ತು. ಆದರೆ ನಾನು ಹಾಗೆಂದದ್ದು ನನ್ನನ್ನು ಉಳಿಸಿಕೊಳ್ಳಲು.

"'ಇಲ್ಲ' ಅಂತ ಹಾಕ್ಲೇನ್ರಿ? ಯಾರ್ ನೋಡ್ತಾರ?" ಎಂದ ಅಂಗಡಿಯವನು.

"ಬ್ಯಾಡ. ಒಮ್ಮೆ ಸುಳ್ಳ ಹೇಳೀನಿ, ಅದೇ ಸಾಕಾಗ್ಯದ."

ಕೆಲ ದಿನಕ್ಕೆ ಆ ಕೇಸಿನ ವಿವರಣೆ ಕೊಡಿ ಎಂದು ರೇರಾದವರು ಕೇಳಿದರು. ಮತ್ತೆ ಅದೇ ವಕೀಲರ ಹತ್ತಿರ ಹೋದೆವು.

"ಖರೇನ ಹೊಡದವ ನೀನೇ ಏನೋ? ನಿನ್ನ ನೋಡಿದ್ರ ನಂಬಿಕಿ ಬರಂಗಿಲ್ಲ. ಬ್ಯಾರೆ ಯಾರರೆ ಇದ್ರ, ಅವರು ಬರದು ಕೊಡ್ಲಿ. ಏನರೆ ದಾರಿ ಆಗಬಹುದು" ಎಂದರು ಅವರು.

ಅಣ್ಣ ನನ್ನ ಕಡೆ ತಿರುಗಲಿಲ್ಲ. "ಅವರು ಈಗ ಊರಾಗಿಲ್ರಿ" ಎಂದ.

ಪಕ್ಕದ ಕುರ್ಚಿಯಲ್ಲೇ ಇದ್ದೆ ನಾನು. ರಾಜೇಶ್ವರದಲ್ಲಿ ಅತ್ತೆ ಮನೆಯವರಿಗೆ ಇಂದಿಗೂ ಗೊತ್ತಿಲ್ಲ. ಕುರಿಮರಿಗಾಗಿ ಒಬ್ಬನ ತಲೆ ಒಡೆದ ನಾನು ಸೆರಗು ಬಾಯಿಗೆ ಒತ್ತಿಕೊಂಡು ಕೂತೆ. ಹೊರಗೆ ಬಂದ ಮೇಲೆ ಆ ಕಾನೂನಿಗೆ, ಹಿರಿಯರಿಗೆ, ನಕ್ಕ ಆ ಅಂಗಡಿಯವನಿಗೆ ಬಾಯಿಗೆ ಬಂದಂತೆ ಬೈದೆ.

"ಹೋಗ್ಲಿ ಬಿಡವ್ವಾ, ಬಸ್ ಬಂತು" ಎಂದ ಅಣ್ಣ. ಆ ಮಾತಿಗೆ ನನಗೆ ಬಂದ ಸಿಟ್ಟು ಇನ್ನೂ ಇಳಿದಿಲ್ಲ. ಅರ್ಜಿ ತಿರಸ್ಕಾರವಾಯಿತು. ಅವನು ಮತ್ತೆ ಸಂತೆಗೆ ಹೋಗುತ್ತಾನೆ.