ಬಡಿಸಿದ ತಟ್ಟೆ ಎಳೆದುಕೊಂಡ ಮಗಳು

ಮಗಳು ಶ್ರೇಯಾ ಒಂಬತ್ತನೇ ಕ್ಲಾಸಿನಲ್ಲಿದ್ದ ವರ್ಷ ನಡೆದದ್ದು. ನಾವಿರುವುದು ಕುವೈತಿನ ಫಹಾಹೀಲ್‌ನಲ್ಲಿ. ಒಂದು ಗುರುವಾರ ಅವಳು ಶಾಲೆಯಿಂದ ಬಂದವಳು ಊಟ ಬೇಡವೆಂದಳು. ಇತಿಹಾಸದ ಟೀಚರ್ ಹಳೆಯ ಸಾಕ್ಷ್ಯಚಿತ್ರವೊಂದನ್ನು ತೋರಿಸಿದ್ದರಂತೆ. ನಾಜಿಗಳ ಸೆರೆಶಿಬಿರದ ಬಾಗಿಲು ತೆರೆದು ಜನರನ್ನು ಬಿಡಿಸಿದಾಗ ಅಲ್ಲೇ ತೆಗೆದ ಚಿತ್ರ. ಒಳಗಿದ್ದವರೆಲ್ಲ ಬರೀ ಎಲುಬು. "ಮಕ್ಕಳಿಗೆ ಇಂಥದ್ದೆಲ್ಲ ಯಾಕೆ ತೋರಿಸ್ತಾರೋ, ಬೇರೆ ಕೆಲಸ ಇಲ್ವಾ ಇವರಿಗೆ" ಎಂದು ನಾನು ಟೀಚರನ್ನೇ ಬೈದೆ.

ಮರುದಿನ ಶುಕ್ರವಾರ, ರಜೆ. ಮಧ್ಯಾಹ್ನ ಬಾಗಿಲು ತೆರೆದರೆ ನಮ್ಮೂರಿನ ದಿನೇಶ ಗೋಡೆ ಹಿಡಿದು ನಿಂತಿದ್ದ. ದೂರದ ವಫ್ರಾದ ತರಕಾರಿ ತೋಟದಲ್ಲಿ ಅವನಿಗೆ ಕೆಲಸ. ಜತೆಯವರೆಲ್ಲ ರಜೆಯಲ್ಲಿ ಊರಿಗೆ ಹೋಗಿದ್ದಾಗ ಜ್ವರ ಹಿಡಿದು, ಹನ್ನೆರಡು ದಿನ ಬರೀ ನೀರು, ಕಪ್ಪು ಚಹಾದಲ್ಲೇ ಒಬ್ಬನೇ ಬಿದ್ದುಕೊಂಡಿದ್ದನಂತೆ. ಜ್ವರ ಬಿಟ್ಟ ಮೇಲೆ ತರಕಾರಿ ಲಾರಿಯವನೊಬ್ಬ ಇಲ್ಲಿಯವರೆಗೆ ತಂದು ಬಿಟ್ಟಿದ್ದ.

"ಅಕ್ಕ, ಹಸಿವೆ ತಡೀಲಿಕ್ಕೆ ಆಗುದಿಲ್ಲ" ಎಂದ.

ಬಡಿಸುವುದರಲ್ಲಿ ನಾವು ಹಿಂದೆ ಬೀಳುವ ಜನವೇ? ಕುಚ್ಚಲಕ್ಕಿ ಅನ್ನ, ಬಂಗುಡೆ ಮೀನಿನ ಖಾರದ ಪುಳಿಮುಂಚಿ, ಪಕ್ಕದಲ್ಲಿ ಒಂದು ಬಟ್ಟಲು ಪಾಯಸ. "ನಾಚಿಕೆ ಮಾಡ್ಬೇಡ ಮಾರಾಯ, ಹೊಟ್ಟೆ ತುಂಬ ಉಣ್ಣು" ಎಂದೆ. ಅವನು ಅನ್ನ ಕಲಸಿದ್ದಷ್ಟೇ, ಒಳಗಿಂದ ಅವನ ಮಾತು ಕೇಳಿಸಿಕೊಂಡಿದ್ದ ಶ್ರೇಯಾ ಓಡಿ ಬಂದು ತಟ್ಟೆಯನ್ನೇ ಎಳೆದುಕೊಂಡಳು.

ಉಣ್ಣಲು ಕೂತವನ ಎದುರಿನಿಂದ ತಟ್ಟೆ ಎಳೆಯುವುದೆಂದರೆ ಏನು? ನನ್ನ ಮಾನವೇ ಹೋಯಿತು. ಹೊಡೆಯಲು ಕೈ ಎತ್ತಿದೆ. "ಅಮ್ಮ, ಸ್ಟಾಪ್. ಹಿ ಕ್ಯಾನ್ ಡೈ" ಎಂದು ಅಳುತ್ತಲೇ ಹೇಳಿದಳು. ಆ ಚಿತ್ರದಲ್ಲಿ ಸೈನಿಕರು ಮರುಕದಿಂದ ಡಬ್ಬಿ ಮಾಂಸ, ಚಾಕೊಲೇಟ್ ಹಂಚಿದ್ದರಂತೆ. ಎಷ್ಟೋ ದಿನ ಉಪವಾಸವಿದ್ದ ಹೊಟ್ಟೆಗೆ ಒಮ್ಮೆಲೇ ತಿಂದವರಲ್ಲಿ ಎಷ್ಟೋ ಜನ ಅದರಿಂದಲೇ ಸತ್ತರಂತೆ. ದಿನೇಶ ಪೆಚ್ಚಾಗಿ ತಟ್ಟೆಯನ್ನೇ ನೋಡುತ್ತಿದ್ದ.

ನನಗೆ ನಂಬಿಕೆ ಬರಲಿಲ್ಲ. ಮೇಲಿನ ಮಹಡಿಯಲ್ಲಿರುವ ನರ್ಸ್ ಲಿಲ್ಲಿಬಾಯಿಗೆ ಫೋನ್ ಮಾಡಿದೆ. "ಅನ್ನ ಕೊಡ್ಬೇಡಿ, ಪಾಯಸ ಅಂತೂ ಬೇಡವೇ ಬೇಡ. ಯಲ್ಲಾ, ಬೇಗ ಬೇಗ ಆಸ್ಪತ್ರೆಗೆ ಹೊರಡಿ, ನಾನೂ ಬಂದೆ" ಎಂದರು. ನನ್ನವರು ಕಾರು ತೆಗೆದರು. ರಕ್ತ ಪರೀಕ್ಷೆ ನೋಡಿದ ಡಾಕ್ಟರು, ಹೊಟ್ಟೆ ತುಂಬ ಉಂಡಿದ್ದರೆ ರಕ್ತದ ಲವಣಗಳು ಒಮ್ಮೆಲೇ ಕುಸಿದು ಹೃದಯವೇ ನಿಲ್ಲುವ ಸಂಭವವಿತ್ತು ಎಂದರು. ಅವನಿಗೆ ಸ್ವಲ್ಪ ಸ್ವಲ್ಪವೇ ಆಹಾರ ಕೊಟ್ಟು, ವಾರದ ಬಳಿಕ ಮನೆಗೆ ಕಳಿಸಿದರು.

ಆಮೇಲೆ ಮಗಳ ಪಕ್ಕ ಕೂತು ನಾನೂ ಆ ಚಿತ್ರ ನೋಡಿದೆ. ಚಾಕೊಲೇಟ್ ಚಾಚುತ್ತಿದ್ದ ಸೈನಿಕನ ಮುಖದಲ್ಲಿ ತುಂಬ ಸಂತೋಷವಿತ್ತು. ಅವತ್ತು ಬಡಿಸುವಾಗ ನನ್ನ ಮುಖವೂ ಹಾಗೇ ಇದ್ದಿರಬೇಕು. ಪಾಪ, ಆ ಸೈನಿಕನನ್ನು ಬೇಡ ಎಂದು ತಡೆಯುವವರು ಯಾರೂ ಇರಲಿಲ್ಲ.

ಈಗಲೂ ದಿನೇಶ ಊಟಕ್ಕೆ ಬಂದರೆ, "ಮಗಾ, ಉಣ್ಬಹುದಾ?" ಎಂದು ಶ್ರೇಯಾಳನ್ನು ಕೇಳಿಯೇ ತಟ್ಟೆಗೆ ಕೈ ಹಾಕುವುದು. ಅವಳು ನಗುತ್ತಾ ತಲೆಯಾಡಿಸಿದ ಮೇಲೆ ನಾನು ಎರಡು ಸೌಟು ಹೆಚ್ಚೇ ಬಡಿಸುತ್ತೇನೆ.